ಡಬ್ಬಿಯಲ್ಲಿ ಮೂಕ ಚಿತ್ರ, ಅಟ್ಟದಲ್ಲಿ ದನಿ

ಮನೆಮನೆಯ ಗ್ರಾಮಫೋನಿನಲ್ಲಿ ಹಾಡುತ್ತಿದ್ದ ಪ್ಲೇಟು 10 ಇಂಚು ಅಗಲದ್ದು, ಹೆಚ್ಚೆಂದರೆ 12. ನಾನು ಹೇಳಹೊರಟಿರುವ ಪ್ಲೇಟು 16 ಇಂಚಿನದು. ಮನೆಯ ಗ್ರಾಮಫೋನಿನ ಮೇಲಿಟ್ಟರೆ ಅಂಚು ಪೆಟ್ಟಿಗೆಯಾಚೆ ಚಾಚಿಕೊಳ್ಳುತ್ತದೆ. ಹೇಗೋ ಹೊಂದಿಸಿ ಹೊರ ಅಂಚಿನಲ್ಲಿ ಮುಳ್ಳು ಇಟ್ಟರೂ ಹಾಡು ಹತ್ತುವುದಿಲ್ಲ, ಮುಳ್ಳು ಜಾರಿ ಆಚೆ ಬೀಳುತ್ತದೆ. ಏಕೆಂದರೆ ಈ ಪ್ಲೇಟು ಶುರುವಾಗುವುದು ನಡುವಿನ ಲೇಬಲ್ಲಿನ ಪಕ್ಕದಿಂದ, ಮುಗಿಯುವುದು ಹೊರ ಅಂಚಿನಲ್ಲಿ. ಮುಳ್ಳು ಎಲ್ಲಿ ಇಡಬೇಕೆಂದು ತೋರಿಸಲು ಒಂದು ಚಿಕ್ಕ ಬಾಣದ ಗುರುತು ಇರುತ್ತದೆ. ತಿರುಗುವುದು ನಿಮಿಷಕ್ಕೆ 78 ಸುತ್ತಲ್ಲ, 33⅓ ಸುತ್ತು. ಲೇಬಲ್ಲಿನ ಮೇಲೆ ಒಂದು ಸಂಖ್ಯೆ, ಜೊತೆಗೆ ಸಾಲಾಗಿ ಪುಟ್ಟ ಚೌಕಗಳು. ಒಂದೊಂದು ಸಲ ನುಡಿಸಿದಾಗಲೂ ಒಂದೊಂದು ಚೌಕಕ್ಕೆ ಗೀಟು ಹಾಕಬೇಕು. ಸುಮಾರು 20 ಸಲ ಆಯಿತೆಂದರೆ ಪ್ಲೇಟು ಸವೆದಿದೆ, ಹೊಸದು ತರಿಸಬೇಕು ಎಂದರ್ಥ.

ಇದು ವಿಟಾಫೋನ್ ಪ್ಲೇಟು. ಇದರಲ್ಲಿರುವುದು ಒಂದು ಸಿನಿಮಾದ ಅರ್ಧ. ಇನ್ನರ್ಧ ಫಿಲಂ ಸುರುಳಿಯಲ್ಲಿತ್ತು. 1926ರಿಂದ ಕೆಲವು ವರ್ಷ ಅಮೆರಿಕದ ಚಿತ್ರಮಂದಿರಗಳಲ್ಲಿ ಈ ಎರಡೂ ಜೊತೆಜೊತೆಯಾಗಿ ಓಡಿದವು. ಆಮೇಲೆ ಬೇರೆಯಾದವು. ಚಿತ್ರ ಸರ್ಕಾರಿ ಸಂಗ್ರಹಾಲಯದ ಡಬ್ಬಿಯಲ್ಲಿ ಮೂಕವಾಗಿ ಉಳಿಯಿತು, ದನಿ ಯಾರದೋ ಮನೆಯ ಅಟ್ಟದಲ್ಲಿ, ನೆಲಮಾಳಿಗೆಯಲ್ಲಿ ಉಳಿಯಿತು. ಅರವತ್ತು ವರ್ಷದ ಮೇಲೆ ಕೆಲವರು ಹುಡುಕಿಕೊಂಡು ಹೋಗಿ ಅವೆರಡನ್ನೂ ಕೂಡಿಸಿದರು.

ಈ ಕತೆಯನ್ನು ರಾಯ್ ಸ್ಮೆಕ್ ಎಂಬ ವಾದ್ಯಗಾರರಿಂದ ಶುರು ಮಾಡುತ್ತೇನೆ. ನಮ್ಮಲ್ಲಿ ಅವರ ಹೆಸರು ಕೇಳಿದವರು ಕಡಿಮೆ, ಅಮೆರಿಕದಲ್ಲೂ ಇವತ್ತು ಯುಕುಲೇಲಿ, ಬ್ಯಾಂಜೊದಂಥ ತಂತಿವಾದ್ಯ ನುಡಿಸುವವರಿಗಷ್ಟೇ ಅವರು ಗೊತ್ತು. ಆದರೆ ವಿಟಾಫೋನಿನ ಮೊದಲ ರಾತ್ರಿಯ ಪರದೆಯ ಮೇಲೆ ಅವರಿದ್ದರು. ಇನ್ನೊಂದು ಕಾರಣವೂ ಉಂಟು. ಅವರ ಕಲೆಯೇ ಅರ್ಧ ಕಿವಿಗೆ, ಅರ್ಧ ಕಣ್ಣಿಗೆ ಸೇರಿದ್ದು. ಯಾವ ಅರ್ಧ ಕಳೆದುಹೋದರೂ ಆ ಮನುಷ್ಯ ಪೂರ್ತಿ ಸಿಗುವುದಿಲ್ಲ.

ಸ್ಮೆಕ್ ಹುಟ್ಟಿದ್ದು 1900ರ ಫೆಬ್ರವರಿ 6ರಂದು, ಪೆನ್ಸಿಲ್ವೇನಿಯಾದ ರೆಡಿಂಗ್ ಎಂಬ ಊರಿನಲ್ಲಿ. ಅವರಿಗೆ ಅನ್ನ ಹಾಕಿದ್ದು ವಾಡೆವಿಲ್ ರಂಗ. ಒಂದೇ ಸಂಜೆ, ಒಂದೇ ವೇದಿಕೆಯ ಮೇಲೆ ಹಾಡುಗಾರರು, ಕಸರತ್ತಿನವರು, ಜಾದೂಗಾರರು, ನಗೆ ಜೋಡಿಗಳು, ಪಳಗಿಸಿದ ಪ್ರಾಣಿಗಳು ಒಬ್ಬರಾದ ಮೇಲೊಬ್ಬರು ಬಂದು ಹೋಗುತ್ತಿದ್ದ ಕಾಲ ಅದು. ಒಬ್ಬೊಬ್ಬರಿಗೂ ಸಿಗುತ್ತಿದ್ದುದು ಹತ್ತೋ ಹನ್ನೆರಡೋ ನಿಮಿಷ. ಅಷ್ಟರಲ್ಲಿ ಜನರ ಮನಸ್ಸು ಗೆಲ್ಲಬೇಕು, ಇಲ್ಲವಾದರೆ ಮುಂದಿನ ವಾರ ಕರೆಯುವವರಿಲ್ಲ.

ತಂತಿವಾದ್ಯ ಹಿಡಿದು ಬಂದವರಲ್ಲಿ ಹೆಚ್ಚಿನವರು ಜೊತೆಗೆ ಹಾಡುತ್ತಿದ್ದರು. ಸ್ಮೆಕ್‌ಗೆ ಹಾಡುವ ಕಂಠ ಇರಲಿಲ್ಲ. ಅವರು ಕಂಡುಕೊಂಡ ದಾರಿ ಬೇರೆ: ವಾದ್ಯವನ್ನೇ ಆಟಕ್ಕೆ ಹಚ್ಚಿದರು. ಯುಕುಲೇಲಿಯ ಮೈಮೇಲೆ ಬೆರಳಿನಿಂದ ತಟ್ಟಿ ಕುಣಿತದ ಹೆಜ್ಜೆಸದ್ದು ಹೊರಡಿಸುವುದು, ತಂತಿ ಮೀಟುತ್ತಲೇ ವಾದ್ಯವನ್ನು ತಿರುಗಿಸುವುದು, ಕೈಯಲ್ಲಿ ತಂತಿ ನುಡಿಯುತ್ತಿರುವಾಗಲೇ ಬಾಯಲ್ಲಿ ಮೌತ್ ಆರ್ಗನ್ ನುಡಿಸುವುದು. ಇದನ್ನು ಬರೀ ಗಿಮಿಕ್ ಎಂದು ತಳ್ಳಿಹಾಕುವವರು ಅವರ ಕಾಲದಲ್ಲೂ ಇದ್ದರು, ಈಗಲೂ ಇದ್ದಾರೆ. ನನಗೆ ಹಾಗನ್ನಿಸಿಲ್ಲ. ಬ್ಯಾಂಜೊದಲ್ಲಿ ಹ್ಯಾರಿ ರೀಸರ್, ಗಿಟಾರಿನಲ್ಲಿ ಎಡ್ಡಿ ಲ್ಯಾಂಗ್, ಹವಾಯಿ ಗಿಟಾರಿನಲ್ಲಿ ಸೋಲ್ ಹೊಓಪಿಇ ಇವರ ನುಡಿಸಾಣಿಕೆಯನ್ನು ಅವರು ಕಿವಿಗೊಟ್ಟು ಕೇಳಿ ಕಲಿತಿದ್ದರು. ಕೈ ಗಟ್ಟಿಯಾಗಿ ಪಳಗಿದ ಮೇಲೆ ಬಂದ ಆಟ ಅದು. ತಾಳ ಒಂದು ಕೂದಲೆಳೆಯಷ್ಟೂ ಅಲುಗುವುದಿಲ್ಲ.

ಹವಾಯಿ ಗಿಟಾರ್ ಎಂದರೇನೆಂದು ಕನ್ನಡ ಓದುಗರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಗೋಟುವಾದ್ಯ ನೋಡಿದವರಿಗೆ ಅದು ನೆಂಟನಂತೆಯೇ ಕಾಣುತ್ತದೆ. ಮೆಟ್ಟಿಲಿನ ಮೇಲೆ ಬೆರಳೊತ್ತುವ ಬದಲು ತಂತಿಯ ಮೇಲೆ ಒಂದು ಕೋಲನ್ನು ಜಾರಿಸುತ್ತಾ ಹೋಗುವುದು, ಸ್ವರದಿಂದ ಸ್ವರಕ್ಕೆ ಎಳೆ ಕಡಿಯದೆ ಸಾಗುವುದು. ಹವಾಯಿ ದ್ವೀಪದ ಜೋಸೆಫ್ ಕೆಕುಕು 1880ರ ದಶಕದ ಹೊತ್ತಿಗೆ ಉಕ್ಕಿನ ತುಂಡು ಹಿಡಿದು ಈ ಬಗೆಯನ್ನು ರೂಢಿಗೆ ತಂದರೆಂದು ಹೆಚ್ಚಿನವರು ಒಪ್ಪುತ್ತಾರೆ. 1915ರಲ್ಲಿ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ನಡೆದ ದೊಡ್ಡ ವಸ್ತುಪ್ರದರ್ಶನಕ್ಕೆ ಹವಾಯಿಯ ವಾದ್ಯಗಾರರು ಬಂದರು, ಅಲ್ಲಿಂದ ಮುಂದೆ ಅಮೆರಿಕವೇ ಆ ನಾದಕ್ಕೆ ಮರುಳಾಯಿತು. ಸ್ಮೆಕ್ ಬೆಳೆದದ್ದು ಆ ಅಲೆಯಲ್ಲಿ. ಮುಂದೆ ಆಕ್ಟಾಕಾರ್ಡಾ ಎಂಬ ಎಂಟು ತಂತಿಯ ಗಿಟಾರನ್ನೂ ಅವರು ನುಡಿಸಿದರು.

ಇನ್ನು ಸಿನಿಮಾದ ಕಡೆಗೆ. ಚಿತ್ರಕ್ಕೆ ದನಿ ಕೂಡಿಸುವ ಪ್ರಯತ್ನ ಆಗಲೇ ಹಳೆಯದಾಗಿತ್ತು. 1923ರ ಏಪ್ರಿಲ್ 15ರಂದು ಲೀ ಡಿ ಫಾರೆಸ್ಟ್ ನ್ಯೂಯಾರ್ಕಿನ ರಿವೋಲಿ ಥಿಯೇಟರಿನಲ್ಲಿ ತಮ್ಮ ‘ಫೋನೋಫಿಲಂ’ ಕಿರುಚಿತ್ರಗಳನ್ನು ತೋರಿಸಿದ್ದರು. ಅದರಲ್ಲಿ ದನಿಯನ್ನು ಬೆಳಕಿನ ಗೆರೆಯಾಗಿ ಫಿಲಂ ಅಂಚಿನಲ್ಲೇ ಮೂಡಿಸಲಾಗುತ್ತಿತ್ತು. ಮುಂದೆ ಇಡೀ ಜಗತ್ತು ಹಿಡಿದದ್ದು ಇದೇ ದಾರಿಯನ್ನು. ಆದರೆ ಆಗ ನಾದ ತೆಳುವಾಗಿತ್ತು, ದೊಡ್ಡ ಸ್ಟುಡಿಯೋಗಳು ಕಣ್ಣೆತ್ತಿ ನೋಡಲಿಲ್ಲ. ಫೋನೋಫಿಲಂ ಪಟ್ಟಿಯಲ್ಲೂ ಸ್ಮೆಕ್ ಹೆಸರಿದೆ ಎಂಬುದನ್ನು ಗಮನಿಸಬೇಕು. ಒಬ್ಬರೇ ಕೂತು ನುಡಿಸುವವರು, ಸಣ್ಣ ವಾದ್ಯ, ಸ್ಪಷ್ಟ ನಾದ, ಕಣ್ಣಿಗೂ ಕೆಲಸ. ಹೊಸ ಯಂತ್ರ ಪರೀಕ್ಷಿಸುವವರಿಗೆ ಇದಕ್ಕಿಂತ ಅನುಕೂಲ ಬೇರೇನಿದ್ದೀತು?

ವೆಸ್ಟರ್ನ್ ಎಲೆಕ್ಟ್ರಿಕ್ ಮತ್ತು ಬೆಲ್ ಲ್ಯಾಬ್‌ನ ಎಂಜಿನಿಯರುಗಳು ದನಿಯನ್ನು ಪ್ಲೇಟಿನ ಮೇಲೆಯೇ ಉಳಿಸಿಕೊಂಡರು. ಅದರ ಗುಣಮಟ್ಟ ಆಗಿನ ಮಟ್ಟಿಗೆ ತುಂಬ ಮೇಲಿತ್ತು. ಸಿನಿಮಾ ಸ್ಟುಡಿಯೋ ನಡೆಸುತ್ತಿದ್ದ ನಾಲ್ವರು ವಾರ್ನರ್ ಅಣ್ಣತಮ್ಮಂದಿರಲ್ಲಿ ಸ್ಯಾಮ್ ಇದರ ಬೆನ್ನು ಹತ್ತಿದವರು. 1926ರ ಏಪ್ರಿಲಿನಲ್ಲಿ ವಿಟಾಫೋನ್ ಕಂಪನಿ ಹುಟ್ಟಿತು. ಆಗ ಅವರ ತಲೆಯಲ್ಲಿ ಇದ್ದದ್ದು ಮಾತಲ್ಲ, ಸಂಗೀತ. ನ್ಯೂಯಾರ್ಕಿನಂಥ ಊರಿನ ದೊಡ್ಡ ಚಿತ್ರಮಂದಿರಗಳಲ್ಲಿ ಮೂಕಿ ಚಿತ್ರದ ಜೊತೆ ನುಡಿಸಲು ವಾದ್ಯವೃಂದವೇ ಇರುತ್ತಿತ್ತು. ಸಣ್ಣ ಊರಿನಲ್ಲಿ ಒಂದು ಪಿಯಾನೊ. ಪ್ಲೇಟು ಕಳುಹಿಸಿದರೆ ಎಲ್ಲ ಊರಿಗೂ ಅದೇ ದೊಡ್ಡ ವಾದ್ಯವೃಂದ ಸಿಗುತ್ತದೆ ಎಂಬುದು ಲೆಕ್ಕಾಚಾರ.

ಮೊದಲ ಕಿರುಚಿತ್ರಗಳ ಚಿತ್ರೀಕರಣ ನಡೆದದ್ದು ಮ್ಯಾನ್‌ಹಟನ್ ಆಪೆರಾ ಹೌಸಿನಲ್ಲಿ. ಅಲ್ಲಿಯ ಕೆಲಸದ ಬಗೆಯನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಈ ಚಿತ್ರಗಳ ಬೆಲೆ ಇರುವುದೇ ಅದರಲ್ಲಿ. ಕ್ಯಾಮೆರಾ ತಿರುಗುವಾಗ ಕಟಕಟ ಸದ್ದು ಮಾಡುತ್ತದೆ. ಮೈಕು ಅದನ್ನೂ ಹಿಡಿಯುತ್ತದೆ. ಆದ್ದರಿಂದ ಕ್ಯಾಮೆರಾವನ್ನೂ ಕ್ಯಾಮೆರಾಮನ್‌ನನ್ನೂ ಸದ್ದು ಹೊರಬಾರದ ಗೂಡಿನೊಳಗೆ ಕೂಡಿಹಾಕಿ, ಗಾಜಿನ ಕಿಟಕಿಯ ಮೂಲಕ ಚಿತ್ರ ತೆಗೆಯುತ್ತಿದ್ದರು. ಕ್ಯಾಮೆರಾ ಆಚೀಚೆ ಅಲುಗುವ ಹಾಗಿಲ್ಲ. ಇತ್ತ ದನಿ ಬೀಳುತ್ತಿದ್ದುದು ತಿರುಗುವ ದಪ್ಪ ಮೇಣದ ತಟ್ಟೆಯ ಮೇಲೆ. ಮೇಣದಲ್ಲಿ ಕೊರೆದ ಗೆರೆಯನ್ನು ಕತ್ತರಿಸಿ ಅಂಟಿಸಲು ಬರುವುದಿಲ್ಲ. ಎಂಟನೆಯ ನಿಮಿಷದಲ್ಲಿ ಒಂದು ಸ್ವರ ತಪ್ಪಿದರೂ ಮೊದಲಿನಿಂದಲೇ ಶುರು. ಹೀಗಾಗಿ ವಿಟಾಫೋನ್ ಕಿರುಚಿತ್ರದಲ್ಲಿ ನಮಗೆ ಸಿಗುವುದು ಒಬ್ಬ ಕಲಾವಿದ ಒಂದೇ ಉಸಿರಿನಲ್ಲಿ ಕೊಟ್ಟ ಪೂರ್ತಿ ಕಛೇರಿ. ತಂತ್ರದ ಇಕ್ಕಟ್ಟೇ ದಾಖಲೆಯ ಪ್ರಾಮಾಣಿಕತೆಗೆ ಕಾರಣವಾಯಿತು. ಮುಂದೆ ಕ್ಯಾಮೆರಾ ಸ್ವತಂತ್ರವಾಗಿ ಓಡಾಡತೊಡಗಿದ ಮೇಲೆ, ಸಂಗೀತಗಾರರನ್ನು ಇಷ್ಟು ನೇರವಾಗಿ, ಇಷ್ಟು ಹೊತ್ತು ನೋಡುವ ಅವಕಾಶ ಸಿನಿಮಾದಲ್ಲಿ ಕಡಿಮೆಯಾಯಿತು.

1926ರ ಆಗಸ್ಟ್ 6ರ ರಾತ್ರಿ ನ್ಯೂಯಾರ್ಕಿನ ವಾರ್ನರ್ಸ್ ಥಿಯೇಟರಿನಲ್ಲಿ ಪ್ರದರ್ಶನ. ಜಾನ್ ಬ್ಯಾರಿಮೋರ್ ನಟಿಸಿದ ‘ಡಾನ್ ಜುವಾನ್’ ಮುಖ್ಯ ಚಿತ್ರ, ಅದರಲ್ಲಿ ಮಾತಿರಲಿಲ್ಲ, ಹಿನ್ನೆಲೆ ಸಂಗೀತ ಮತ್ತು ಸದ್ದುಗಳು ಮಾತ್ರ. ಅದಕ್ಕೆ ಮುಂಚೆ ಕಿರುಚಿತ್ರಗಳ ಸರಣಿ. ಮೊದಲು ಚಿತ್ರೋದ್ಯಮದ ಮುಖಂಡ ವಿಲ್ ಹೇಸ್ ಭಾಷಣ. ಆಮೇಲೆ ನ್ಯೂಯಾರ್ಕ್ ಫಿಲ್‌ಹಾರ್ಮೋನಿಕ್ ವಾದ್ಯವೃಂದ, ಪಿಟೀಲಿನ ಮಿಶಾ ಎಲ್ಮನ್, ಎಫ್ರೆಂ ಜಿಂಬಲಿಸ್ಟ್, ಪಿಯಾನೊದ ಹ್ಯಾರಲ್ಡ್ ಬಾವರ್, ಆಪೆರಾದ ಮರಿಯನ್ ಟ್ಯಾಲಿ, ಆನಾ ಕೇಸ್, ಜೊವಾನಿ ಮಾರ್ಟಿನೆಲ್ಲಿ. ಎಲ್ಲರೂ ಶಾಸ್ತ್ರೀಯ ಸಂಗೀತದ ದೊಡ್ಡ ಹೆಸರುಗಳು. ಇದು ಗೌರವಸ್ಥರ ಕಲೆ ಎಂದು ಮೊದಲ ದಿನವೇ ಸ್ಥಾಪಿಸುವ ಹಟ ವಾರ್ನರ್‌ಗೆ ಇತ್ತು. ಇವರ ನಡುವೆ ಒಂದು ಕಿರುಚಿತ್ರ: ‘ಹಿಸ್ ಪಾಸ್ಟೈಮ್ಸ್’. ವಾಡೆವಿಲ್ಲಿನ ರಾಯ್ ಸ್ಮೆಕ್ ಒಬ್ಬರೇ ಕೂತು ಹವಾಯಿ ಗಿಟಾರ್, ಯುಕುಲೇಲಿ, ಬ್ಯಾಂಜೊ, ಮೌತ್ ಆರ್ಗನ್ ನುಡಿಸುವುದು.

ಅದರಲ್ಲಿ ಕತೆ ಇಲ್ಲ, ಪಾತ್ರ ಇಲ್ಲ. ತೊಡೆಯ ಮೇಲೆ ಗಿಟಾರು ಮಲಗಿದೆ, ಎಡಗೈಯ ಉಕ್ಕಿನ ತುಂಡು ತಂತಿಯ ಮೇಲೆ ಜಾರುತ್ತಿದೆ, ತುದಿಯಲ್ಲಿ ನಡುಗಿ ನಿಲ್ಲುತ್ತದೆ. ಆ ನಡುಕ ಮತ್ತು ಕೇಳುವ ಕಂಪನ ಒಂದೇ ಕ್ಷಣದಲ್ಲಿ ಬರುತ್ತವೆ. ಇವತ್ತು ನಮಗೆ ಇದು ಏನೂ ಅಲ್ಲ. ಅಲ್ಲಿಯವರೆಗೆ ಪರದೆಯ ಮೇಲೆ ಕೈ ಆಡುವುದನ್ನು ಮಾತ್ರ ನೋಡಿದ್ದ, ನಾದ ಕೆಳಗಿನ ವಾದ್ಯವೃಂದದಿಂದ ಬರುವುದನ್ನೇ ಕೇಳಿದ್ದ ಜನರಿಗೆ ಅದು ಎಂಥ ಬೆರಗಾಗಿರಬೇಕು! ಮಾರ್ಟಿನೆಲ್ಲಿಯ ಹಾಡು ಆ ರಾತ್ರಿಯ ಶಿಖರ ಎಂದು ಪತ್ರಿಕೆಗಳು ಕೊಂಡಾಡಿದವು. ಸ್ಮೆಕ್ ರಾತ್ರೋರಾತ್ರಿ ಹೆಸರುವಾಸಿಯಾದರು.

ನನ್ನ ಅಭಿಪ್ರಾಯದಲ್ಲಿ ಆ ಸರಣಿಯಲ್ಲಿ ಮುಂದಿನ ದಾರಿ ತೋರಿಸಿದ್ದು ಸ್ಮೆಕ್. ಸಾಕ್ಷಿ ಬೇಕಾದರೆ ಎರಡು ತಿಂಗಳ ನಂತರದ, 1926ರ ಅಕ್ಟೋಬರಿನ ಎರಡನೇ ಕಾರ್ಯಕ್ರಮ ನೋಡಿ. ಆಪೆರಾದವರು ಹಿಂದೆ ಸರಿದಿದ್ದರು. ವಾಡೆವಿಲ್ಲಿನ ಆಲ್ ಜಾಲ್ಸನ್, ಜಾರ್ಜ್ ಜೆಸೆಲ್, ಎಲ್ಸಿ ಜಾನಿಸ್, ಹವರ್ಡ್ ಸಹೋದರರು ಮುಂದೆ ಬಂದಿದ್ದರು. ಅಲ್ಲಿಂದ ಮುಂದೆ ವಿಟಾಫೋನ್ ಕಿರುಚಿತ್ರವೆಂದರೆ ವಾಡೆವಿಲ್ ಕಿರುಚಿತ್ರ ಎಂದೇ ಆಯಿತು.

ಸ್ಮೆಕ್‌ರ ಮುಂದಿನ ಬದುಕು ದೊಡ್ಡದು, ಬೇಗ ಹೇಳಿ ಮುಗಿಸುತ್ತೇನೆ. ಶಿಕಾಗೋದ ಹಾರ್ಮನಿ ಕಂಪನಿ ಅವರ ಹೆಸರಿನಲ್ಲಿ ಯುಕುಲೇಲಿ ಮಾಡಿ ಮಾರಿತು. ಹೆಸರು ‘ವಿಟಾ-ಯೂಕ್’. ವಿಟಾಫೋನಿನ ಹೆಸರನ್ನೇ ವಾದ್ಯಕ್ಕೆ ಅಂಟಿಸಿದ್ದರು. ಪೇರುಹಣ್ಣಿನ ಆಕಾರದ ಮೈ, ನಾದ ಹೊರಬರುವ ತೂತುಗಳು ಸರ್ಕಸ್ಸಿನ ಕಡಲನಾಯಿಗಳ ಆಕಾರದವು. 1934ರಲ್ಲಿ ಗಿಬ್ಸನ್ ಕಂಪನಿ ಅವರ ಹೆಸರಿನ ಗಿಟಾರುಗಳನ್ನು ತಂದಿತು. ಎಡಿಸನ್, ವಿಕ್ಟರ್, ಕೊಲಂಬಿಯಾ, ಡೆಕ್ಕಾ ಹೀಗೆ ಹಲವು ಕಂಪನಿಗಳಿಗೆ ಸೇರಿ 500ಕ್ಕೂ ಹೆಚ್ಚು ಧ್ವನಿಮುದ್ರಣ ಮಾಡಿದರು. 1933ರಲ್ಲಿ ರೂಸ್‌ವೆಲ್ಟ್ ಅಧ್ಯಕ್ಷರಾದಾಗಿನ ಸಂಭ್ರಮಕೂಟದಲ್ಲಿ ನುಡಿಸಿದರು. ಅದೇ ವರ್ಷದ ‘ದಟ್ ಗೋಸ್ ಡಬಲ್’ ಕಿರುಚಿತ್ರದಲ್ಲಿ ಪರದೆ ನಾಲ್ಕು ಭಾಗವಾಗುತ್ತದೆ. ನಾಲ್ಕರಲ್ಲೂ ಸ್ಮೆಕ್: ಒಂದರಲ್ಲಿ ಹವಾಯಿ ಗಿಟಾರು, ಒಂದರಲ್ಲಿ ಬ್ಯಾಂಜೊ, ಒಂದರಲ್ಲಿ ಯುಕುಲೇಲಿ, ಇನ್ನೊಂದರಲ್ಲಿ ಆರು ತಂತಿಯ ಗಿಟಾರು. ತನ್ನ ಜೊತೆ ತಾನೇ ಪಕ್ಕವಾದ್ಯ. ಏಳು ವರ್ಷದ ಹಿಂದೆ ಮೇಣದ ತಟ್ಟೆಯೆದುರು ಉಸಿರು ಬಿಗಿಹಿಡಿದು ಒಂದೇ ಓಟದಲ್ಲಿ ನುಡಿಸಿದ್ದ ಮನುಷ್ಯ ಇಲ್ಲಿ ನಾಲ್ಕಾಗಿ ಕೂತಿದ್ದಾರೆ. ದನಿಚಿತ್ರದ ತಂತ್ರ ಎಷ್ಟು ಬೇಗ ಬೆಳೆಯಿತೆಂದು ತಿಳಿಯಲು ಈ ಎರಡು ಕಿರುಚಿತ್ರಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಿದರೆ ಸಾಕು.

ಈ ಏಳಿಗೆಗೆ ಇನ್ನೊಂದು ಮಗ್ಗುಲೂ ಇದೆ, ಅದನ್ನು ಮುಚ್ಚಿಡಬಾರದು. ಪ್ಲೇಟಿನ ಮೇಲಿನ ಸಂಗೀತ ಊರೂರಿಗೆ ಬಂದಂತೆ ಚಿತ್ರಮಂದಿರಗಳಲ್ಲಿ ನುಡಿಸುತ್ತಿದ್ದ ಸಾವಿರಾರು ವಾದ್ಯಗಾರರ ಕೆಲಸ ಹೋಯಿತು. ಡಬ್ಬಿಯ ಸಂಗೀತ ಬೇಡ, ಜೀವಂತ ಸಂಗೀತ ಬೇಕೆಂದು ಅವರ ಒಕ್ಕೂಟ ಪತ್ರಿಕೆಗಳಲ್ಲಿ ದೊಡ್ಡ ದೊಡ್ಡ ಜಾಹೀರಾತು ಹಾಕಿತು. ಫಲ ಸಿಗಲಿಲ್ಲ. ವಾಡೆವಿಲ್ಲಿನ ಕಲಾವಿದರಿಗೂ ಅದೇ ಗತಿ. ವರ್ಷಗಟ್ಟಲೆ ಊರೂರು ಸುತ್ತಿ ತೋರಿಸಬಹುದಾಗಿದ್ದ ಹತ್ತು ನಿಮಿಷದ ಆಟವನ್ನು ಒಮ್ಮೆ ಫಿಲಮ್ಮಿಗೆ ಕೊಟ್ಟರೆ ಮುಗಿಯಿತು, ಆ ಆಟ ತಮಗಿಂತ ಮುಂಚೆಯೇ ಎಲ್ಲ ಊರಿಗೂ ಹೋಗಿಬಿಟ್ಟಿರುತ್ತಿತ್ತು. ಎಷ್ಟೋ ಜನರಿಗೆ ಆ ಒಂದು ಕಿರುಚಿತ್ರವೇ ಬದುಕಿನ ಏಕೈಕ ಚಿತ್ರವಾಯಿತು.

ಇಂಥವರ ಆ ಏಕೈಕ ಗುರುತೇ ಎರಡು ಹೋಳಾದದ್ದು ಹೇಗೆ? ಚಿತ್ರಮಂದಿರದ ಆಪರೇಟರು ಫಿಲಮ್ಮಿನಲ್ಲಿ ಆರಂಭದ ಗುರುತಿರುವ ಚೌಕಟ್ಟನ್ನು ಪ್ರೊಜೆಕ್ಟರಿನ ಬಾಯಿಗೆ ಕೂಡಿಸಿ, ಪ್ಲೇಟಿನ ಬಾಣದ ಗುರುತಿನಲ್ಲಿ ಮುಳ್ಳು ಇಟ್ಟು, ಎರಡನ್ನೂ ಒಂದೇ ಮೋಟರಿನಿಂದ ಓಡಿಸಬೇಕಿತ್ತು. ಫಿಲಂ ಕಡಿದು ಕೆಲವು ಚೌಕಟ್ಟು ಹಾಳಾದರೆ ಆ ಜಾಗಕ್ಕೆ ಅಷ್ಟೇ ಕಪ್ಪು ಚೌಕಟ್ಟು ಸೇರಿಸಬೇಕು. ಸೇರಿಸದಿದ್ದರೆ ಅಲ್ಲಿಂದಾಚೆ ತುಟಿಗೂ ಮಾತಿಗೂ ಹೊಂದುವುದಿಲ್ಲ. ಪ್ಲೇಟು ಅರಗಿನದು, ಸಾಗಿಸುವಾಗ ಒಡೆಯುತ್ತಿತ್ತು. 1930ರ ಆಸುಪಾಸಿನಲ್ಲಿ ಫಿಲಂ ಅಂಚಿನ ದನಿಪಟ್ಟಿ ಸುಧಾರಿಸಿತು, ವಾರ್ನರ್ ಕೂಡ ಅತ್ತ ಹೊರಳಿತು. ಪ್ಲೇಟುಗಳಿಗೆ ಬೆಲೆಯಿಲ್ಲವಾಯಿತು. ಕೆಲವನ್ನು ಎಸೆದರು, ಕೆಲವನ್ನು ಆಪರೇಟರುಗಳು ಮನೆಗೊಯ್ದರು, ಕೆಲವು ಹಳೆಯ ಚಿತ್ರಮಂದಿರಗಳ ಮೂಲೆಯಲ್ಲೇ ಉಳಿದವು.

ಚಿತ್ರದ ಸುರುಳಿಗಳ ದಾರಿ ಬೇರೆ. ಕಂಪನಿಯಿಂದ ಕಂಪನಿಗೆ ಕೈಬದಲಾಗಿ ಹಳೆಯ ವಾರ್ನರ್ ಚಿತ್ರಗಳ ನೈಟ್ರೇಟ್ ಸುರುಳಿಗಳು ಕೊನೆಗೆ ವಾಷಿಂಗ್ಟನ್ನಿನ ಲೈಬ್ರರಿ ಆಫ್ ಕಾಂಗ್ರೆಸ್ ಸೇರಿದವು. ದೊಡ್ಡ ಚಿತ್ರಗಳ ಮೇಲೆ ಎಲ್ಲರ ಕಣ್ಣು ಬಿತ್ತು. ದನಿಯಿಲ್ಲದ ಸಂಗೀತದ ಕಿರುಚಿತ್ರ ಯಾರಿಗೆ ಬೇಕು? ಬಾಯಿ ಆಡುತ್ತದೆ, ಹಾಡಿಲ್ಲ. ಬೆರಳು ಓಡುತ್ತದೆ, ನಾದವಿಲ್ಲ. ನೈಟ್ರೇಟ್ ಫಿಲಂ ಕಾಲ ಕಳೆದಂತೆ ತಾನೇ ಕೊಳೆತು ಪುಡಿಯಾಗುವ ವಸ್ತು. ಕಾಯುವುದಕ್ಕೂ ಮಿತಿ ಇತ್ತು.

ಈ ಹೋಳುಗಳನ್ನು ಕೂಡಿಸಲು 1991ರಲ್ಲಿ ಹೊರಟವರು ಸ್ಟುಡಿಯೋದವರಲ್ಲ, ಪ್ರೊಫೆಸರುಗಳಲ್ಲ. ಹಳೆಯ ಪ್ಲೇಟು, ಹಳೆಯ ಸಿನಿಮಾ ಸಂಗ್ರಹಿಸುವ ಹುಚ್ಚಿನ ಐದು ಜನ. ನ್ಯೂಜೆರ್ಸಿಯ ರಾನ್ ಹಚಿನ್‌ಸನ್ ಅವರಲ್ಲಿ ಮುಂದಾಳು. 1920ರ ದಶಕದ ಜಾಝ್ ಸಂಗೀತವನ್ನು ಇವತ್ತಿಗೂ ನುಡಿಸುವ ವಾದ್ಯವೃಂದದ ನಾಯಕ ವಿನ್ಸ್ ಜೋರ್ಡಾನೊ ಅವರಲ್ಲೊಬ್ಬರು. ತಮ್ಮ ಕೆಲಸಕ್ಕೆ ಇಟ್ಟುಕೊಂಡ ಹೆಸರು ‘ವಿಟಾಫೋನ್ ಪ್ರಾಜೆಕ್ಟ್’.

ಉಪಾಯ ಸರಳ. ಸಂಗ್ರಹಕಾರರ ಬಳಿ ಇರುವ 16 ಇಂಚಿನ ಪ್ಲೇಟುಗಳ ಪಟ್ಟಿ ಮಾಡುವುದು. ಸಂಗ್ರಹಾಲಯಗಳಲ್ಲಿರುವ ಮೂಕ ಸುರುಳಿಗಳ ಪಟ್ಟಿ ಮಾಡುವುದು. ಎರಡನ್ನೂ ಎದುರುಬದುರು ಇಟ್ಟು ನೋಡುವುದು. ಪ್ಲೇಟಿನ ಲೇಬಲ್ಲಿನ ಮೇಲಿದ್ದ ಆ ಸಂಖ್ಯೆ ಇಲ್ಲಿ ಜೀವ ಉಳಿಸಿತು. ಇಷ್ಟು ಸರಳವಾದದ್ದನ್ನು ಅರವತ್ತು ವರ್ಷ ಯಾರೂ ಮಾಡಿರಲಿಲ್ಲ. ಪ್ಲೇಟು ಕೂಡಿಡುವವರಿಗೆ ಫಿಲಂ ಸಂಗ್ರಹಾಲಯದ ಪರಿಚಯವಿರಲಿಲ್ಲ, ಫಿಲಂ ಕಾಯುವವರಿಗೆ ಪ್ಲೇಟಿನ ಜನ ಗೊತ್ತಿರಲಿಲ್ಲ. ಹಚಿನ್‌ಸನ್ ಮತ್ತು ಗೆಳೆಯರು ಎರಡು ಮನೆಗಳ ನಡುವೆ ಓಡಾಡಿದರು. ಪತ್ರ ಬರೆದರು, ಫೋನು ಮಾಡಿದರು, ಲಾಸ್ ಏಂಜಲಿಸ್ಸಿನ ಯುಸಿಎಲ್ಎ ಸಂಗ್ರಹಾಲಯ, ಲೈಬ್ರರಿ ಆಫ್ ಕಾಂಗ್ರೆಸ್, ಚಿತ್ರಗಳ ಹಕ್ಕು ಹೊಂದಿದ ಕಂಪನಿ ಎಲ್ಲರನ್ನೂ ಒಂದೇ ಮೇಜಿಗೆ ತಂದರು, ದುರಸ್ತಿಗೆ ಅಭಿಮಾನಿಗಳಿಂದ ದೇಣಿಗೆ ಎತ್ತಿದರು. ಕಾಲಕ್ರಮದಲ್ಲಿ ಅವರ ಪಟ್ಟಿಗೆ ಸೇರಿದ ಪ್ಲೇಟುಗಳ ಸಂಖ್ಯೆ 6,000 ದಾಟಿತು. ನೂರಕ್ಕೂ ಹೆಚ್ಚು ಕಿರುಚಿತ್ರಗಳಿಗೆ ಮತ್ತೆ ದನಿ ಬಂತು.

ಒಂದು ಉದಾಹರಣೆಯನ್ನು ಹತ್ತಿರದಿಂದ ನೋಡೋಣ. 1926ರ ಅಕ್ಟೋಬರ್ 7ರಂದು ತೆರೆಕಂಡ ಆಲ್ ಜಾಲ್ಸನ್‌ರ ‘ಎ ಪ್ಲಾಂಟೇಷನ್ ಆ್ಯಕ್ಟ್’. ವಾರ್ನರ್ ಕಂಪನಿಯ ಹೆಸರಾಂತ ವಾಕ್ಚಿತ್ರ ‘ಜಾಝ್ ಸಿಂಗರ್’ಗಿಂತ ಒಂದು ವರ್ಷ ಮೊದಲೇ ಜಾಲ್ಸನ್ ಪರದೆಯ ಮೇಲೆ ಹಾಡಿದ ಚಿತ್ರ ಇದು. ಮುಖಕ್ಕೆ ಮಸಿ ಬಳಿದುಕೊಂಡು ಕರಿಯರನ್ನು ಅನುಕರಿಸುವ ಅಂದಿನ ಹೀನ ರೂಢಿ ಅದರಲ್ಲಿದೆ. ಈಗ ನೋಡಲು ಮನಸ್ಸಿಗೆ ಕಸಿವಿಸಿಯಾಗುತ್ತದೆ, ಆಗಬೇಕಾದದ್ದೇ. ಆದರೂ ಚರಿತ್ರೆಯ ದಾಖಲೆಯಾಗಿ ಅದು ಮುಖ್ಯ, ದಶಕಗಳ ಕಾಲ ಅದು ಕಳೆದುಹೋಗಿದೆಯೆಂದೇ ಎಲ್ಲರೂ ನಂಬಿದ್ದರು. ಚಿತ್ರ ಇದ್ದದ್ದು ಲೈಬ್ರರಿ ಆಫ್ ಕಾಂಗ್ರೆಸ್ಸಿನಲ್ಲಿಯೇ. ಡಬ್ಬಿಯ ಮೇಲಿನ ಹೆಸರು ತಪ್ಪಾಗಿತ್ತು: ‘ಜಾಝ್ ಸಿಂಗರ್’ ಚಿತ್ರದ ಟ್ರೇಲರ್ ಎಂದು ನಮೂದಾಗಿತ್ತು. ದನಿಯಿಲ್ಲದೆ ನೋಡಿದವರಿಗೆ ಅನುಮಾನ ಬಾರದಿದ್ದರೆ ತಪ್ಪಲ್ಲ. ಪ್ಲೇಟು ಸಿಕ್ಕಿತು, ಆದರೆ ಒಡೆದು ಹೋಳಾಗಿತ್ತು. ಯಾರೋ ಎಂದೋ ಆ ಹೋಳುಗಳನ್ನು ಅಂಟು ಹಾಕಿ ಜೋಡಿಸಿದ್ದರು. ಮುಳ್ಳು ಪ್ರತಿ ಬಿರುಕು ದಾಟುವಾಗಲೂ ಟಕ್ ಎನ್ನುತ್ತದೆ. ಆ ಸದ್ದುಗಳನ್ನು ಕಂಪ್ಯೂಟರಿನಲ್ಲಿ ಹುಡುಕಿ ತೆಗೆದು, ನಡುವೆ ಕಡಿದ ನಾದವನ್ನು ಹೊಂದಿಸಿ, ಚಿತ್ರದ ಜೊತೆ ಕೂಡಿಸಿದರು. ಒಡೆದ ಪ್ಲೇಟನ್ನು ಎಸೆಯದೆ ಅಂಟು ಹಾಕಿ ಇಟ್ಟಿದ್ದ ಆ ಹೆಸರಿಲ್ಲದ ವ್ಯಕ್ತಿಗೆ ನಾನು ಕೈಮುಗಿಯುತ್ತೇನೆ.

ಕೂಡಿಸುವ ಕೆಲಸದಲ್ಲಿ ಸಂಗೀತದ ಚಿತ್ರಗಳೇ ಕಷ್ಟ. ಹಾಡುಗಾರನ ತುಟಿ ಒಂದೆರಡು ಚೌಕಟ್ಟು ಹಿಂದೆಮುಂದಾದರೂ ಕಣ್ಣು ಕ್ಷಮಿಸುತ್ತದೆ. ಬ್ಯಾಂಜೊ ತಂತಿಯ ಮೇಲೆ ಬೀಳುವ ಬೆರಳು ಹಾಗಲ್ಲ. ಸೆಕೆಂಡಿಗೆ 24 ಚೌಕಟ್ಟು ಓಡುವಾಗ ಅಷ್ಟು ಸಣ್ಣ ಅಂತರವೂ ಗೊತ್ತಾಗಿಬಿಡುತ್ತದೆ. ಫಿಲಂ ಪ್ರತಿಯಲ್ಲಿ ಎಲ್ಲಿ ಎಷ್ಟು ಚೌಕಟ್ಟು ಕಳೆದಿದೆ ಎಂಬುದನ್ನು ಆ ಬೆರಳುಗಳೇ ಹೇಳಿಕೊಡುತ್ತವೆ.

ಹೀಗೆ ಮರಳಿ ಬಂದವರಲ್ಲಿ ಶಾ ಮತ್ತು ಲೀ ಎಂಬ ಹಾಡು-ನಗೆಯ ಜೋಡಿ ಇದೆ. ಅವರ 1928ರ ‘ದ ಬೋ ಬ್ರಮ್ಮೆಲ್ಸ್’ ಕಿರುಚಿತ್ರವನ್ನು 2016ರಲ್ಲಿ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ದಾಖಲೆಗೆ ಸೇರಿಸಿದರು. ಹೆಣ್ಣುಮಕ್ಕಳೇ ತುಂಬಿದ ವಾದ್ಯವೃಂದಗಳಿವೆ. ಜಾಝ್ ಚರಿತ್ರೆಯ ಪುಸ್ತಕಗಳಲ್ಲಿ ಒಂದು ಸಾಲೂ ಸಿಗದಿದ್ದ ಆ ವಾದ್ಯಗಾರ್ತಿಯರು ಟ್ರಂಪೆಟ್, ಡ್ರಮ್ಮು ನುಡಿಸುವುದನ್ನು ನೋಡಿದ ಮೇಲೆ ಆ ಪುಸ್ತಕಗಳನ್ನು ತಿದ್ದಬೇಕಾಗುತ್ತದೆ.

ಸ್ಮೆಕ್‌ರ ಅದೃಷ್ಟ ದೊಡ್ಡದು. ಮೊದಲ ರಾತ್ರಿಯ ಚಿತ್ರವಾದ ‘ಹಿಸ್ ಪಾಸ್ಟೈಮ್ಸ್’ ಎರಡೂ ಅರ್ಧದೊಂದಿಗೆ ಉಳಿಯಿತು. 1985ರಲ್ಲಿ ಅವರ ಬಗ್ಗೆ ‘ದ ವಿಜರ್ಡ್ ಆಫ್ ದ ಸ್ಟ್ರಿಂಗ್ಸ್’ ಎಂಬ ಸಾಕ್ಷ್ಯಚಿತ್ರ ಬಂತು, ಆಸ್ಕರ್‌ಗೆ ನಾಮನಿರ್ದೇಶನಗೊಂಡಿತು. ಅವರು 1994ರ ಏಪ್ರಿಲ್ 5ರಂದು ನ್ಯೂಯಾರ್ಕಿನಲ್ಲಿ ತೀರಿಕೊಂಡರು, 94ನೆಯ ವಯಸ್ಸಿನಲ್ಲಿ. ಆದರೆ ಒಬ್ಬರೇ ಉಳಿದರೆ ಅವರ ಎತ್ತರ ಅಳೆಯುವುದು ಹೇಗೆ? ಸುತ್ತಲಿನವರು ಮರಳಿ ಬಂದ ಮೇಲೆಯೇ ಸ್ಮೆಕ್ ಏನನ್ನು ಎಲ್ಲರಂತೆ ಮಾಡುತ್ತಿದ್ದರು, ಏನನ್ನು ಅವರೊಬ್ಬರೇ ಮಾಡುತ್ತಿದ್ದರು ಎಂಬುದು ಕಾಣತೊಡಗಿತು. ಅವರ ಪ್ಲೇಟುಗಳನ್ನಷ್ಟೇ ಕೇಳಿದರೆ ಕೈ ಚುರುಕಿನ ಒಬ್ಬ ವಾದ್ಯಗಾರ ಎನ್ನಿಸುತ್ತದೆ. ಆ ಕೈ ಏನು ಮಾಡುತ್ತಾ ಆ ನಾದ ಹೊರಡಿಸುತ್ತಿದೆ ಎಂದು ನೋಡಿದಾಗಲೇ ಸ್ಮೆಕ್ ಸಿಗುವುದು.

ಹಚಿನ್‌ಸನ್ 2019ರಲ್ಲಿ ತೀರಿಕೊಂಡರು. ಅವರ ಕೆಲಸವನ್ನು ನೆನೆಯುವಾಗ ನಮ್ಮ ಮನೆಯ ಕಡೆಗೂ ಕಣ್ಣು ಹೋಗುತ್ತದೆ. 1931ರ ಮಾರ್ಚ್ 14ರಂದು ಭಾರತದ ಮೊದಲ ವಾಕ್ಚಿತ್ರ ‘ಆಲಂ ಆರಾ’ ಬಂದ ಆಸುಪಾಸಿನಲ್ಲಿ ಕಲ್ಕತ್ತೆಯ ಮದನ್ ಥಿಯೇಟರ್ಸ್ ಕಂಪನಿ ಹಾಡು, ಕುಣಿತ, ನಾಟಕದ ತುಣುಕುಗಳ ದನಿ ಕಿರುಚಿತ್ರಗಳನ್ನು ತೋರಿಸಿತ್ತು. ‘ಆಲಂ ಆರಾ’ದ ಪ್ರತಿಯೇ ಉಳಿದಿಲ್ಲ. 1934ರ ಮಾರ್ಚ್ 3ರಂದು ಬಿಡುಗಡೆಯಾದ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ವೂ ಇಲ್ಲ. ಸುಬ್ಬಯ್ಯ ನಾಯ್ಡು, ತ್ರಿಪುರಾಂಬ, ಆರ್. ನಾಗೇಂದ್ರರಾಯರು ಆ ಚಿತ್ರದಲ್ಲಿ ಹೇಗೆ ನಿಂತು ಹಾಡಿದರು ಎಂದು ನೋಡುವ ಭಾಗ್ಯ ನಮ್ಮ ತಲೆಮಾರಿಗೆ ಸಿಕ್ಕಿಲ್ಲ. ಆ ಕಾಲದ ಕನ್ನಡ ನಾಟಕದ ಹಾಡುಗಳ ಗ್ರಾಮಫೋನ್ ಪ್ಲೇಟುಗಳು ಮಾತ್ರ ಅಲ್ಲಲ್ಲಿ ಉಳಿದಿವೆ, ಅವನ್ನು ಉಳಿಸಿದವರೂ ಹೆಚ್ಚಾಗಿ ಹಚಿನ್‌ಸನ್‌ರಂಥ ಖಾಸಗಿ ಆಸಕ್ತರೇ.

ಆದ್ದರಿಂದ ಓದುಗರಲ್ಲಿ ಒಂದು ವಿನಂತಿ. ಅಜ್ಜನ ಕಾಲದ ಪೆಟ್ಟಿಗೆಯಲ್ಲಿ ಹಳೆಯ ಪ್ಲೇಟುಗಳಿದ್ದರೆ ಗುಜರಿಗೆ ಹಾಕಬೇಡಿ, ಬಿರುಕು ಬಿಟ್ಟಿದ್ದರೂ, ಒಡೆದಿದ್ದರೂ ಹೋಳುಗಳನ್ನು ಒಂದೇ ಲಕೋಟೆಯಲ್ಲಿಡಿ. ಒಂದರ ಮೇಲೊಂದು ಪೇರಿಸದೆ ಪುಸ್ತಕದಂತೆ ನಿಲ್ಲಿಸಿ. ಸ್ಪಿರಿಟ್ ಹಾಕಿ ಒರೆಸಬೇಡಿ, ಅರಗು ಸ್ಪಿರಿಟ್ಟಿನಲ್ಲಿ ಕರಗುತ್ತದೆ. ಲೇಬಲ್ಲಿನ ಮೇಲಿರುವ ಹೆಸರು ಓದಲಾಗದಿದ್ದರೂ ಸಂಖ್ಯೆಯನ್ನು ಬರೆದಿಟ್ಟುಕೊಳ್ಳಿ, ಒಂದು ಫೋಟೊ ತೆಗೆಯಿರಿ, ತಿಳಿದ ಸಂಗ್ರಹಕಾರರಿಗೆ ತೋರಿಸಿ. ಹಳೆಯ ಫಿಲಂ ಡಬ್ಬಿ ಸಿಕ್ಕರೆ ಮನೆಯಲ್ಲಿ ಇಟ್ಟುಕೊಳ್ಳಬೇಡಿ, ನೈಟ್ರೇಟ್ ಆಗಿದ್ದರೆ ಸುಲಭವಾಗಿ ಬೆಂಕಿ ಹತ್ತುತ್ತದೆ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ತಿಳಿಸಿ.